ಇಟಲಿ ಸಿನಿಮಾದ ಸೆಟ್ ಫೋಟೋಗಳು: ಯಾವುದು ಸೀನಿನದು, ಯಾವುದು ಬೀದಿಯದು, ಯಾವುದು ಪ್ರಚಾರದ ಆಟ?

ಹಳೇಪ್ರಿಂಟು
1950-60ರ ದಶಕದ ಇಟಾಲಿಯನ್ ಸಿನಿಮಾ ಫೋಟೋ ಯಾವುದೇ ಇರಲಿ, ನೆಟ್‌ನಲ್ಲಿ ಅದರ ಕೆಳಗೆ "ಚಿತ್ರದ ದೃಶ್ಯ" ಅಂತ ಬರೆದು ಕೈತೊಳೆದುಕೊಂಡಿರುತ್ತಾರೆ. ಎರಡು ಪ್ರಶ್ನೆ. ಒಂದು, ಇವುಗಳ ಜಾತಿ ಗುರುತಿಸುವುದು ಹೇಗೆ? ಎರಡು, ಅದೇ ಕಾಲದ ಹಾಲಿವುಡ್ ಸ್ಟಿಲ್‌ಗಳು (ಸೆಟ್ಟಿನಲ್ಲಿ ತೆಗೆದ ಫೋಟೋಗಳು) ಇಸ್ತ್ರಿ ಹಾಕಿದ ಹಾಗಿರುತ್ತವೆ, ರೋಮಿನವು ಉಸಿರಾಡುತ್ತವೆ. ಕಾರಣವೇನು? "ಇಟಾಲಿಯನ್ನರ ಸ್ವಭಾವವೇ ಹಾಗೆ" ಅನ್ನುವ ಉತ್ತರ ಬೇಡ.

ಕೈಲಿರುವ ಪ್ರಿಂಟ್ ಒಂದರ ವಿವರವನ್ನು ಆಮೇಲೆ ಹಾಕುತ್ತೇನೆ.

ಡಬ್ಬಿಂಗ್‌ಕೋಣೆ
ಎರಡನೆಯದಕ್ಕೆ ಮೊದಲು ಉತ್ತರ, ಏಕೆಂದರೆ ಮೊದಲನೆಯದೂ ಅರ್ಧ ಅದರಲ್ಲೇ ಇದೆ. ಕಾರಣ ಸ್ವಭಾವವಲ್ಲ, ಧ್ವನಿ.

ಹಾಲಿವುಡ್‌ನಲ್ಲಿ ಸೆಟ್ಟಿನಲ್ಲೇ ಧ್ವನಿಮುದ್ರಣ. ಟೇಕ್ ನಡೆಯುವಾಗ ಸ್ಟಿಲ್ ಕ್ಯಾಮೆರಾದ ಶಟರ್ "ಕ್ಲಕ್" ಅಂದರೆ ಟೇಕ್ ಹಾಳು. ಹಾಗಾಗಿ ಟೇಕ್ ಮುಗಿದ ಮೇಲೆ ನಟರನ್ನು ಅದೇ ಜಾಗದಲ್ಲಿ ಮತ್ತೆ ನಿಲ್ಲಿಸಿ, ದೊಡ್ಡ ಶೀಟ್ ಫಿಲ್ಮಿನ ಕ್ಯಾಮೆರಾದಲ್ಲಿ ಪೋಸ್ ತೆಗೆಯುತ್ತಿದ್ದರು. ಕಣ್ಣೀರು ಆಗಲೇ ಒರೆಸಿಕೊಂಡಾಗಿರುತ್ತದೆ, ಮೈ ಸಡಿಲವಾಗಿರುತ್ತದೆ. ಇಸ್ತ್ರಿಯ ಗುಟ್ಟು ಇಷ್ಟೇ.

ಇಟಲಿಯಲ್ಲಿ ಯುದ್ಧದ ನಂತರ ಮೂರು ದಶಕಕ್ಕೂ ಹೆಚ್ಚು ಕಾಲ ಬಹುಪಾಲು ಚಿತ್ರಗಳಿಗೆ ಸೆಟ್ಟಿನಲ್ಲಿ ಮುದ್ರಿಸುತ್ತಿದ್ದದ್ದು ಗೈಡ್ ಟ್ರ್ಯಾಕ್, ಅಂದರೆ ಡಬ್ಬಿಂಗಿಗೆ ಆಧಾರವಾಗುವ ಕಚ್ಚಾ ಧ್ವನಿ ಮಾತ್ರ. ಅವರ ಮಾತಲ್ಲಿ ಕೊಲೊನ್ನಾ ಗ್ವೀದಾ. ಮಾತು ಆಮೇಲೆ ಡಬ್ಬಿಂಗ್‌ನಲ್ಲಿ. ನಿರ್ದೇಶಕ ಫೆಲಿನಿ ಟೇಕ್ ನಡೆಯುವಾಗಲೇ ಜೋರಾಗಿ ಸೂಚನೆ ಕೊಡುತ್ತಿದ್ದ, ಕೆಲವು ನಟರಿಂದ ಸಂಭಾಷಣೆಯ ಬದಲು ಒಂದು, ಎರಡು, ಮೂರು ಅಂತ ಅಂಕಿ ಹೇಳಿಸುತ್ತಿದ್ದ. ಆರಿಫ್ಲೆಕ್ಸ್ ಸಿನಿಮಾ ಕ್ಯಾಮೆರಾವೇ ಹೊಲಿಗೆ ಯಂತ್ರದ ಹಾಗೆ ಸದ್ದು ಮಾಡುವಾಗ ಲೈಕಾ ಸ್ಟಿಲ್ ಕ್ಯಾಮೆರಾದ ಶಟರ್ ಯಾರ ಕಿವಿಗೆ ಬೀಳಬೇಕು? ಸ್ಟಿಲ್‌ನವನು ಟೇಕಿನ ಮಧ್ಯದಲ್ಲೇ, ನಟನ ಮುಖ ನಿಜವಾಗಿ ಬಿಸಿಯಾಗಿದ್ದಾಗಲೇ ಒತ್ತುತ್ತಿದ್ದ.

ಕನ್ನಡದಲ್ಲೂ ಡಬ್ಬಿಂಗ್ ಕಾಲದ ಸೆಟ್ಟುಗಳಲ್ಲಿ "ಸ್ಥಿರಚಿತ್ರಣ"ದವರಿಗೆ ಇದೇ ಸ್ವಾತಂತ್ರ್ಯವಿತ್ತು.

ತುಸ್ಕೊಲಾನಾ
ಸರಿ, ಆದರೆ ಇಷ್ಟೇ ಅಂದರೆ ಪೂರ್ತಿ ಆಗುವುದಿಲ್ಲ. ನಿರ್ದೇಶಕ ವಿಸ್ಕೊಂತಿಯ 'ಲಾ ತೆರ್ರಾ ತ್ರೆಮಾ' (1948) ಸಿಸಿಲಿಯ ಆಚಿ ತ್ರೆಜ್ಜಾದಲ್ಲಿ ಮೀನುಗಾರರ ಸ್ವಂತ ಆಡುಮಾತಿನಲ್ಲಿ, ಸ್ಥಳದಲ್ಲೇ ಧ್ವನಿ ಹಿಡಿದು ತೆಗೆದದ್ದು. ಅದರ ಫೋಟೋಗಳು ಸತ್ತಿಲ್ಲವಲ್ಲ. ಅದರ ಛಾಯಾಗ್ರಾಹಕ ಜಿ.ಆರ್. ಆಲ್ದೋ ಸ್ವತಃ ಸ್ಟಿಲ್ ಫೋಟೋಗ್ರಫಿಯಿಂದ ಬಂದವನು. ಸ್ಟಿಲ್ ತೆಗೆದ ಪಾಲ್ ರೊನಾಲ್ಡ್ ಮುಂದೆ ಬಹಳ ವರ್ಷ ವಿಸ್ಕೊಂತಿಯ ಜತೆ ದುಡಿದ.

ಇನ್ನೊಂದು ಕಾರಣ ಪತ್ರಿಕೆಗಳು. 'ಓಜ್ಜಿ', 'ಎಪೊಕಾ', 'ಲೆವ್ರೊಪೆಯೊ', 'ತೆಂಪೊ' ಥರದ ವಾರಪತ್ರಿಕೆಗಳಿಗೆ ಬೇಕಾಗಿದ್ದದ್ದು ಘಟನೆ, ಪೋಸ್ ಅಲ್ಲ. ಅದಕ್ಕಿಂತ ಮುಂಚಿನ ರೋಮ್ ನೋಡಿ: ಎಲಿಯೊ ಲುಕ್ಸಾರ್ದೊ, ಆರ್ತುರೊ ಗೆರ್ಗೊ, ಆರ್ತುರೊ ಬ್ರಗಾಲ್ಯಾ. ಎಲ್ಲ ಸ್ಟುಡಿಯೋ ಭಾವಚಿತ್ರದವರು. ಹಿಂದಿನಿಂದ ಬೆಳಕು, ರೀಟಚ್ ಮಾಡಿದ ಕೆನ್ನೆ, ಕತ್ತು ಮೇಲಕ್ಕೆ. ಆಗಲೂ ಇವರು ಇಟಾಲಿಯನ್ನರೇ, ಸ್ವಭಾವ ಎಲ್ಲಿಗೆ ಹೋಗಿತ್ತು?

ಹಳೇಪ್ರಿಂಟು
ಒಪ್ಪಿದೆ. ಹಾಗಾದರೆ ಜಾತಿ ವಿಂಗಡಣೆ?

ಕಾಂಟ್ಯಾಕ್ಟ್‌ಶೀಟ್
ಇಟಾಲಿಯನ್ನರ ಪದಗಳನ್ನೇ ಹಿಡಿದರೆ ಗೊಂದಲ ಕಡಿಮೆ.

"ಫೋತೊ ದಿ ಶೇನಾ": ಸಿನಿಮಾ ಕ್ಯಾಮೆರಾದ ಪಕ್ಕದಲ್ಲೇ ನಿಂತು, ಹೆಚ್ಚುಕಡಿಮೆ ಅದೇ ಚೌಕಟ್ಟಿನಲ್ಲಿ ತೆಗೆದ ಸೀನಿನ ಚಿತ್ರ. ಥಿಯೇಟರ್ ಗೋಡೆಗೆ, ಪತ್ರಿಕೆಗೆ ಹೋಗುವುದು ಇದೇ. "ಫೋತೊ ದಿ ಸೆಟ್": ಕ್ಯಾಮೆರಾ, ನಿರ್ದೇಶಕ, ಟ್ರಾಲಿ ತಳ್ಳುವವರು, ಕಾಸ್ಟ್ಯೂಮಿನಲ್ಲೇ ಬ್ರೆಡ್ ತಿನ್ನುತ್ತಿರುವ ನಟಿ. "ಫೋತೊಗ್ರಾಮ್ಮಾ": ಫಿಲ್ಮಿನಿಂದಲೇ ಎತ್ತಿದ ಒಂದು ಫ್ರೇಮ್, ಫೋಟೋಗ್ರಾಫರ್ ತೆಗೆದದ್ದೇ ಅಲ್ಲ. ಕಡೆಯದು ಬೀದಿಯದು, ತಾರೆಯರ ಬೆನ್ನುಹತ್ತುವ ಪಾಪರಾಜಿಗಳದು.

ಫ್ರೇಮ್ ಮತ್ತು ಸ್ಟಿಲ್ ನಡುವೆ ಪತ್ತೆ ಹೀಗೆ. ಸೆಕೆಂಡಿಗೆ 24 ಫ್ರೇಮ್, 180 ಡಿಗ್ರಿ ಶಟರ್ (ಸುತ್ತಿನ ಅರ್ಧ ಕಾಲ ಮಾತ್ರ ತೆರೆದಿರುವುದು) ಅಂದರೆ ಪ್ರತಿ ಫ್ರೇಮಿಗೆ 1/48 ಸೆಕೆಂಡ್. ಬೀಸುವ ಕೈ ಅದರಲ್ಲಿ ಕಲಸಿಹೋಗಿರುತ್ತದೆ. ಸ್ಟಿಲ್‌ನವನು 1/125 ಅಥವಾ 1/250ರಲ್ಲಿರುತ್ತಾನೆ, ಕೈ ನಿಂತಿರುತ್ತದೆ. ಫ್ರೇಮಿನ ಅಳತೆ ಸುಮಾರು 22×16 ಮಿಮೀ, ಸ್ಟಿಲ್‌ನದು 36×24 ಅಥವಾ ರೋಲಿಫ್ಲೆಕ್ಸ್ ಆದರೆ 6×6 ಸೆಂಮೀ. ಒಂದೇ ಗಾತ್ರಕ್ಕೆ ಹಿಗ್ಗಿಸಿದರೆ ಫ್ರೇಮಿನ ಕಾಳು (ಗ್ರೇನ್) ಎದ್ದು ಕಾಣುತ್ತದೆ. ಎಲ್ಲಕ್ಕಿಂತ ಗಟ್ಟಿ ಪುರಾವೆ ಕೋನ: ಸಿನಿಮಾವನ್ನು ಆ ಶಾಟ್‌ನಲ್ಲಿ ನಿಲ್ಲಿಸಿ, ಹಿನ್ನೆಲೆಯ ಕಂಬ ನಟನ ಕಿವಿಗೆ ಎಷ್ಟು ಹತ್ತಿರ ಅಂತ ಹೋಲಿಸಿ. ಒಂದಡಿ ಪಕ್ಕ ನಿಂತಿದ್ದರೂ ಕಂಬ ಜರುಗಿರುತ್ತದೆ.

ಸಿನಿಮಾದಲ್ಲಿ ಇಲ್ಲದ್ದನ್ನೂ ಸ್ಟಿಲ್ ತೋರಿಸಬಹುದು. ಫೆಲಿನಿಯ '8½' (1963) ಚಿತ್ರಕ್ಕೆ ಮೊದಲು ರೈಲಿನ ಊಟದ ಬೋಗಿಯಲ್ಲಿ ಮುಗಿಯುವ ಬೇರೆ ಅಂತ್ಯ ಚಿತ್ರೀಕರಣವಾಗಿತ್ತು, ಆ ಫಿಲ್ಮ್ ಉಳಿದಿಲ್ಲ. ಬಿಳಿ ಬಟ್ಟೆಯಲ್ಲಿ ಸಾಲಾಗಿ ಕೂತ ಪಾತ್ರಗಳನ್ನು ಇವತ್ತು ನೋಡಲು ಸಿಗುವುದು ಗಿಡಿಯಾನ್ ಬಾಖ್‌ಮನ್ ಸೆಟ್ಟಿನಲ್ಲಿ ತೆಗೆದ ಫೋಟೋಗಳಲ್ಲಿ. 2003ರಲ್ಲಿ ಮಾರಿಯೊ ಸೆಸ್ತಿ ಇದರ ಮೇಲೆಯೇ ಒಂದು ಸಾಕ್ಷ್ಯಚಿತ್ರ ಮಾಡಿದ. ಹಾಗೆಯೇ '8½' ಕಪ್ಪುಬಿಳುಪು ಚಿತ್ರ, ಸೆಟ್ಟಿನ ಕಲರ್ ಫೋಟೋಗಳು ಮಾತ್ರ ಇವೆ. ಬಣ್ಣ ಕಂಡ ಕೂಡಲೇ "ಕಂಪ್ಯೂಟರಿನಲ್ಲಿ ಬಣ್ಣ ಹಚ್ಚಿದ್ದು" ಅಂತ ತೀರ್ಪು ಕೊಡಬೇಡಿ.

ಟ್ರೈಎಕ್ಸ್
ಚೌಕಟ್ಟಿನ ಬಗ್ಗೆ ಒಂದು ಸೇರಿಸುತ್ತೇನೆ. 1960ರ ದಶಕದ ಆರಂಭದಲ್ಲಿ ಟೆಕ್ನಿಸ್ಕೋಪ್ ಬಂತು, ಟೆಕ್ನಿಕಲರ್ ಇತಾಲಿಯಾ ಕಂಪನಿಯ ಕೂಸು. ಫಿಲ್ಮಿನ ಅಂಚಿನ ನಾಲ್ಕು ತೂತಿನ ಎತ್ತರದ ಬದಲು ಎರಡೇ ತೂತಿನ ಫ್ರೇಮ್, ಅರ್ಧ ಫಿಲ್ಮ್ ಉಳಿತಾಯ. ಸೆರ್ಜಿಯೊ ಲಿಯೋನೆಯ ಅಗಲ ಪರದೆ ಇದರದ್ದೇ. ಸ್ಟಿಲ್‌ನವನಿಗೆ ಇದು ತಲೆನೋವು: 36 ಮಿಮೀ ಅಗಲಕ್ಕೆ 2.35ರ ಅನುಪಾತದಲ್ಲಿ ಬೇಕಾದ ಎತ್ತರ 15.3 ಮಿಮೀ ಮಾತ್ರ. ಉಳಿದ 8.7 ಮಿಮೀನಲ್ಲಿ ಮೇಲೆ ದೀಪ, ಕೆಳಗೆ ಟ್ರಾಲಿ ಹಳಿ. ಹಾಗಾಗಿ ವೆಸ್ಟರ್ನ್ ಚಿತ್ರಗಳ ಪೂರ್ತಿ ನೆಗೆಟಿವ್ ಸಿಕ್ಕರೆ ಫೋತೊ ದಿ ಶೇನಾ ತಾನಾಗಿಯೇ ಫೋತೊ ದಿ ಸೆಟ್ ಆಗಿರುತ್ತದೆ. ಪತ್ರಿಕೆಗೆ ಕಳಿಸುವಾಗ ಕತ್ತರಿಸುತ್ತಿದ್ದರು.

ಲಿಯೋನೆಯ ಸ್ಟಿಲ್‌ಗಳೆಂದರೆ ಆಂಜೆಲೊ ನೋವಿ. ಪಸೊಲಿನಿ, ಬೆರ್ತೊಲುಚ್ಚಿ ಅವರಿಗೂ ಆತನೇ. 'ದ ಗುಡ್, ದ ಬ್ಯಾಡ್ ಅಂಡ್ ದ ಅಗ್ಲಿ'ಯಲ್ಲಿ ಒಬ್ಬ ಸನ್ಯಾಸಿಯಾಗಿ ಮುಖವನ್ನೂ ತೋರಿಸಿದ್ದಾನೆ.

ಹಳೇಪ್ರಿಂಟು
ಇಂಥವರು ಸೆಟ್ಟಿನಲ್ಲಿ ನಿಜಕ್ಕೂ ಏನು ಸೆಟ್ಟಿಂಗ್ ಇಟ್ಟುಕೊಳ್ಳುತ್ತಿದ್ದರು? ಫ್ಲ್ಯಾಶ್ ಇಲ್ಲದೆ?

ಟ್ರೈಎಕ್ಸ್
ಫ್ಲ್ಯಾಶ್ ಎಂದಿಗೂ ಇಲ್ಲ. ಟೇಕ್ ನಡೆಯುವಾಗ ಮಿಂಚಿದರೆ ಒಂದೆರಡು ಫ್ರೇಮ್ ಬೆಳ್ಳಗಾಗುತ್ತದೆ, ಅಲ್ಲಿಗೆ ಅವನ ಕೆಲಸವೂ ಮುಗಿಯಿತು.

ಲೆಕ್ಕ ಸುಲಭ. ಸಿನಿಮಾದ ಛಾಯಾಗ್ರಾಹಕ 200 ಎಎಸ್‌ಎ (ಫಿಲ್ಮಿನ ವೇಗ) ಫಿಲ್ಮಿಗೆ ಲೆನ್ಸಿನ ರಂಧ್ರ ಎಫ್ 2.8ರಲ್ಲಿ ಬೆಳಕು ಕಟ್ಟಿದ್ದಾನೆ ಅನ್ನಿ, ಶಟರ್ ಸುಮಾರು 1/50. ಸ್ಟಿಲ್ ಕ್ಯಾಮೆರಾದಲ್ಲಿ 400ರ ಫಿಲ್ಮ್ ಇದ್ದರೆ ಒಂದು ಸ್ಟಾಪ್ (ಬೆಳಕಿನ ಎರಡರಷ್ಟು) ಲಾಭ: ಎಫ್ 2.8, 1/100. ಸಿನಿಮಾ ಫಿಲ್ಮ್ 80 ಎಎಸ್‌ಎ ಆಗಿದ್ದರೆ ಬೆಳಕೇ ಹೆಚ್ಚು ಸುರಿದಿರುತ್ತಾರೆ, ಎರಡೂಕಾಲು ಸ್ಟಾಪ್ ಲಾಭ, 1/250 ಆರಾಮಾಗಿ ಬರುತ್ತದೆ. ಫೆರಾನಿಯಾ ಪಿ30 ಈ 80ರ ಜಾತಿ.

ತಪ್ಪುವುದು ಕಲರ್‌ನಲ್ಲಿ. ಸೆಟ್ ದೀಪ 3200 ಕೆಲ್ವಿನ್, ಹಗಲಿಗಿಂತ ಹಳದಿ. ಹಗಲು ಬೆಳಕಿನ ಸ್ಲೈಡ್ ಹಾಕಿದರೆ ಮುಖವೆಲ್ಲ ಕುಂಬಳಕಾಯಿ ಬಣ್ಣ. ಸರಿಪಡಿಸಲು 80ಎ ನೀಲಿ ಫಿಲ್ಟರ್ ಹಾಕಿದರೆ ಎರಡು ಸ್ಟಾಪ್ ನಷ್ಟ, ಮೇಲಿನ ಲಾಭವೆಲ್ಲ ಅಲ್ಲಿಗೆ ಸೋರಿತು. ಟಂಗ್‌ಸ್ಟನ್ ಸ್ಲೈಡ್ ಇದಕ್ಕಾಗಿಯೇ ಇದ್ದದ್ದು. ಅದನ್ನೇ ಹೊರಾಂಗಣಕ್ಕೆ ಒಯ್ದರೆ 85ರ ಕಿತ್ತಳೆ ಫಿಲ್ಟರ್, ನಷ್ಟ ಮುಕ್ಕಾಲಿಗಿಂತ ಕಡಿಮೆ ಸ್ಟಾಪ್. ಅದಕ್ಕೇ ಕೊರಳಿಗೆ ಎರಡು ಕ್ಯಾಮೆರಾ ಬಾಡಿ: ಒಂದರಲ್ಲಿ ಕಪ್ಪುಬಿಳುಪು, ಒಂದರಲ್ಲಿ ಕಲರ್. ಕಿಟಕಿಯಿಂದ ಹಗಲು, ಒಳಗಡೆ ದೀಪ ಎರಡೂ ಇರುವ ಸೀನಿನಲ್ಲಿ ಯಾವ ಫಿಲ್ಟರೂ ಕೈ ಹಿಡಿಯುವುದಿಲ್ಲ. ಕಿಟಕಿಗೆ ಸಿನಿಮಾದವರೇ ಕಿತ್ತಳೆ ಜೆಲ್ ಅಂಟಿಸಿದ್ದಾರಾ ಅಂತ ನೋಡಿಕೊಳ್ಳಬೇಕು.

ಲೆನ್ಸ್: ಸಿನಿಮಾ ಕ್ಯಾಮೆರಾದಲ್ಲಿ 50 ಮಿಮೀ ಇದ್ದರೆ ಸ್ಟಿಲ್‌ನಲ್ಲಿ ಅದೇ ಚೌಕಟ್ಟಿಗೆ ಸುಮಾರು 80 ಬೇಕು. 85 ಅಥವಾ 90ಕ್ಕೆ ಹತ್ತಿರ.

ಡಬ್ಬಿಂಗ್‌ಕೋಣೆ
ನಿಲ್ಲುವ ಜಾಗವೂ ಮುಖ್ಯ. ಸದ್ದಿನ ಭಯವಿಲ್ಲದಿದ್ದರೂ ನಟನ ದೃಷ್ಟಿರೇಖೆಯ ಭಯ ಇದ್ದೇ ಇತ್ತು. ನಾಯಕಿ ನೋಡಬೇಕಾದ ದಿಕ್ಕಿನಲ್ಲಿ ನೀವು ನಿಂತು ಕ್ಯಾಮೆರಾ ಎತ್ತಿದರೆ ಅವಳ ಕಣ್ಣು ಒಂದು ಕ್ಷಣ ನಿಮ್ಮ ಕಡೆ ಜಾರುತ್ತದೆ. ನಿಲ್ಲಬೇಕಾದದ್ದು ಲೆನ್ಸಿನ ಪಕ್ಕ, ಅವಳು ನೋಡದ ಬದಿಗೆ, ಮ್ಯಾಟ್ ಬಾಕ್ಸಿಗೆ (ಲೆನ್ಸಿನ ಮುಂದಿನ ನೆರಳು ಚೌಕಟ್ಟು) ಭುಜ ತಾಗುವಷ್ಟು ಹತ್ತಿರ. ಫೋಕಸ್ ಎಳೆಯುವವನಿಗೆ ಮೊಣಕೈ ತಗುಲಿದರೆ ಟೇಕ್ ಹಾಳು ಮಾಡಿದ ಪಾಪ ಮತ್ತೆ ನಿಮ್ಮದೇ. ಟ್ರಾಲಿ ಶಾಟ್ ಆದರೆ ರಿಹರ್ಸಲ್‌ನಲ್ಲೇ ತೆಗೆದು ಮುಗಿಸಿಬಿಡಬೇಕು.

1980ರ ನಂತರ ಸ್ಥಳಧ್ವನಿ, ಅವರು ಹೇಳುವ ಪ್ರೇಸಾ ದಿರೆತ್ತಾ, ವಾಡಿಕೆಯಾಗುತ್ತ ಬಂದಂತೆ ಇಟಲಿಯ ಸ್ಟಿಲ್‌ನವರೂ ಬ್ಲಿಂಪ್ ಹೊತ್ತರು. ಕ್ಯಾಮೆರಾವನ್ನು ಸ್ಪಂಜು ತುಂಬಿದ ಡಬ್ಬಿಯೊಳಗಿಟ್ಟು, ಹೊರಗಿನ ಗುಂಡಿಯಿಂದ ಒತ್ತುವುದು. ಜೇಕಬ್‌ಸನ್ ಬ್ಲಿಂಪ್ ಎಲ್ಲ ಕಡೆ ಹೆಸರುವಾಸಿ. ಪ್ರತಿ ಲೆನ್ಸಿಗೂ ಬೇರೆ ಕೊಳವೆ, ಲೆನ್ಸ್ ಬದಲಿಸಲು ಡಬ್ಬಿ ಬಿಚ್ಚಬೇಕು, ಅಷ್ಟರಲ್ಲಿ ಸೀನ್ ಮುಗಿದಿರುತ್ತದೆ. 80ರ ದಶಕದ ಕೆಲವು ಇಟಾಲಿಯನ್ ಸ್ಟಿಲ್‌ಗಳು ಒಂದೇ ದೂರದಿಂದ ತೆಗೆದ ಹಾಗೆ ಕಂಡರೆ ಕಾರಣ ಸೋಮಾರಿತನವಲ್ಲ.

ಈಗ ಮಿರರ್‌ಲೆಸ್, ಎಲೆಕ್ಟ್ರಾನಿಕ್ ಶಟರ್, ಸದ್ದೇ ಇಲ್ಲ. ಆದರೆ ಹೊಸ ರೋಗ: ದೀಪದ ಮಿಡಿತ. ಇಟಲಿಯ ವಿದ್ಯುತ್ 50 ಹರ್ಟ್ಸ್, ಹಳೇ ಟ್ಯೂಬ್‌ಲೈಟು ಸೆಕೆಂಡಿಗೆ 100 ಸಲ ಮಿಡಿಯುತ್ತದೆ. ಸೆನ್ಸರ್ ಮೇಲಿನಿಂದ ಕೆಳಗೆ ಸಾಲುಸಾಲಾಗಿ ಓದುವಾಗ 1/250 ಇಟ್ಟರೆ ಚಿತ್ರದ ಮೇಲೆ ಕಪ್ಪು ಪಟ್ಟೆ. 1/50 ಅಥವಾ 1/100ಕ್ಕೆ ಇಳಿಸಿದರೆ ಪಟ್ಟೆ ಹೋಗುತ್ತದೆ. ಅಗ್ಗದ ಎಲ್‌ಇಡಿ ಬೇರೆ ವೇಗದಲ್ಲಿ ಮಿಡಿಯುವುದರಿಂದ ಈ ಲೆಕ್ಕವೂ ತಪ್ಪಬಹುದು. ರಿಹರ್ಸಲ್‌ನಲ್ಲೇ ಒಂದು ಫ್ರೇಮ್ ತೆಗೆದು ಹಿಗ್ಗಿಸಿ ನೋಡುವುದೇ ದಾರಿ.

ವಿಯಾವೆನೆತೊ
ಪಾಪರಾಜಿ ಜಾತಿಯ ಬಗ್ಗೆ ಯಾರೂ ಬರೆದಿಲ್ಲ. ಅಲ್ಲೇ ಜನ ಹೆಚ್ಚು ಎಡವುವುದು.

ಬೀದಿಯವರ ಆಯುಧ ರೋಲಿಫ್ಲೆಕ್ಸ್ ಮತ್ತು ಪಕ್ಕದಲ್ಲಿ ಫ್ಲ್ಯಾಶ್. ಫೋಕಸ್ ಹುಡುಕಲು ಪುರುಸೊತ್ತಿಲ್ಲ, ಮೊದಲೇ 3 ಮೀಟರಿಗೆ ಕಟ್ಟಿಟ್ಟು ಎಫ್ 8. 75 ಮಿಮೀ ಲೆನ್ಸಿನಲ್ಲಿ 2.4ರಿಂದ 3.9 ಮೀಟರ್‌ವರೆಗೆ ಸ್ಪಷ್ಟ. ಹಾಗಾಗಿ ಆ ಫೋಟೋಗಳಲ್ಲಿ ಜನ ಯಾವಾಗಲೂ ಅಷ್ಟೇ ದೂರದಲ್ಲಿರುತ್ತಾರೆ, ಮುಖ ಬೆಳ್ಳಗೆ, ಹಿಂದಿನ ಗೋಡೆಗೆ ಗಡಸು ನೆರಳು, ಅದರಾಚೆ ಕಗ್ಗತ್ತಲು. ಸೆಟ್ ಫೋಟೋದಲ್ಲಿ ನೆರಳು ಸಿನಿಮಾ ದೀಪವಿರುವ ದಿಕ್ಕಿನಿಂದ ಬೀಳುತ್ತದೆ, ಫೋಟೋಗ್ರಾಫರ್ ಇರುವ ದಿಕ್ಕಿನಿಂದಲ್ಲ.

ಆದರೆ ಎರಡೂ ಕಡೆಯ ಜನ ಒಬ್ಬರೇ ಆಗಿರಬಹುದು! ತಾತ್ಸಿಯೊ ಸೆಕ್ಯಾರೊಲಿ 1955ರಲ್ಲಿ ಸೆರ್ಜಿಯೊ ಸ್ಪಿನೆಲ್ಲಿ ಜತೆ ರೋಮಾ ಪ್ರೆಸ್ ಫೋಟೋ ಕಟ್ಟಿದವನು. 1958ರ ಆಗಸ್ಟ್‌ನಲ್ಲಿ ರೋಮಿನ ವಿಯಾ ವೆನೆತೊ ಬೀದಿಯಲ್ಲಿ ಈಜಿಪ್ಟಿನ ಮಾಜಿ ರಾಜ ಫಾರೂಕ್ ಎರಗಿದ್ದು ಈತನ ಮೇಲೆಯೇ. ಮುಂದೆ ಇದೇ ಮನುಷ್ಯ ಫೆಲಿನಿಯ ಸೆಟ್ಟಿನೊಳಗೆ ಬಂದ, ಸೋಫಿಯಾ ಲೊರೆನ್‌ಳ ಆಪ್ತ ಫೋಟೋಗ್ರಾಫರ್ ಆದ.

ಪಿಯೆರ್‌ಲುಯಿಜಿ ಪ್ರಾತುರ್ಲೊನ್ ವಿಷಯ ಇನ್ನೂ ಮಜಾ. ನಟಿ ಅನಿತಾ ಎಕ್‌ಬೆರ್ಗ್ ರೋಮಿನ ತ್ರೇವಿ ಕಾರಂಜಿಗೆ ಇಳಿದದ್ದನ್ನು ಅವನು 1958ರಲ್ಲೇ ತೆಗೆದಿದ್ದ, 'ತೆಂಪೊ'ದಲ್ಲಿ ಅಚ್ಚಾಗಿತ್ತು. ಅದೇ ಕಾರಂಜಿಯ ದೃಶ್ಯವಿರುವ ಫೆಲಿನಿಯ 'ಲಾ ದೋಲ್ಚೆ ವೀತಾ'ದ ಚಿತ್ರೀಕರಣ 1959ರಲ್ಲಿ. ಆಗ ಸೆಟ್ಟಿನ ಸ್ಟಿಲ್ ಫೋಟೋಗ್ರಾಫರ್ ಕೂಡ ಅವನೇ. ಅಂದರೆ ಒಬ್ಬಳೇ ನಟಿ, ಒಂದೇ ಕಾರಂಜಿ, ಒಬ್ಬನೇ ಫೋಟೋಗ್ರಾಫರ್, ಎರಡು ಬೇರೆ ಸಂದರ್ಭ. ನಾಯಕನಟ ಮಾಸ್ತ್ರೊಯಾನ್ನಿ ಇದ್ದರೆ ಚಿತ್ರದ್ದು. ಕಪ್ಪು, ತೋಳಿಲ್ಲದ ಉದ್ದ ಗೌನ್ ಇದ್ದರೂ ಚಿತ್ರದ್ದು. ಬೇರೆ ಉಡುಪು ಕಂಡರೆ 1958ರ ಕಡೆ ನೋಡಿ.

ತುಸ್ಕೊಲಾನಾ
ಮತ್ತೆ "ಪಾಪರಾಜಿ" ಪದವೇ 1960ರ ಆ ಚಿತ್ರದ ಪಾಪರಾಜೊ ಪಾತ್ರದಿಂದ ಬಂದದ್ದು, ವಾಲ್ತೆರ್ ಸಾಂತೆಸ್ಸೊ ಮಾಡಿದ್ದು. ಅದಕ್ಕೆ ಮುಂಚಿನ ಫೋಟೋ ಅಡಿಯಲ್ಲಿ ಆ ಪದವಿದ್ದರೆ ಆ ಬರಹ ಆಮೇಲೆ ಸೇರಿದ್ದು.

ಹಳೇಪ್ರಿಂಟು
ಪ್ರಚಾರದವರ ಪಾತ್ರ? "ತೆಗೆಸಿದವರು" ಯಾರು?

ಪ್ರೆಸ್‌ಬುಕ್
ಇಟಲಿಯಲ್ಲಿ ಈ ಕಸುಬಿಗೆ ಮುಖ ಕೊಟ್ಟವನು ಎನ್ರಿಕೊ ಲುಕೆರಿನಿ. ಮೊದಲು ನಟನಾಗಲು ಹೊರಟವನು, ಆಮೇಲೆ ಮತ್ತೆಯೊ ಸ್ಪಿನೊಲಾ ಜತೆ ಕಚೇರಿ ನಡೆಸಿದ. ಸುದ್ದಿಗಾಗಿಯೇ ಹುಟ್ಟಿಸಿದ ಘಟನೆಗೆ ಅವನ ಹೆಸರಿನಿಂದಲೇ "ಲುಕೆರಿನಾತಾ" ಅನ್ನುತ್ತಾರೆ. ರೊಸೆಲ್ಲಿನಿಯ 'ವಾನಿನಾ ವಾನಿನಿ' (1961) ಸೆಟ್ಟಿನಲ್ಲಿ ಸಾಂದ್ರಾ ಮಿಲೊಳ ವಿಗ್ಗಿಗೆ ಮೇಣದ ಬತ್ತಿಯಿಂದ ಬೆಂಕಿ ಹತ್ತಿದ್ದು ಇದರಲ್ಲಿ ಹೆಸರಾದದ್ದು. ಈ ಬುದ್ಧಿವಂತಿಕೆಯನ್ನು ಮೆಚ್ಚುವವರು ಬಹಳ. ನಟಿಯ ತಲೆಗೆ ಬೆಂಕಿ ಅನ್ನುವುದನ್ನೂ ಸ್ವಲ್ಪ ಯೋಚಿಸಬಹುದು.

ಪಾಠ ಏನೆಂದರೆ, ಅಪಘಾತದ ಫೋಟೋ ತೀರಾ ಚೆನ್ನಾಗಿ ಬಂದಿದ್ದರೆ ಅನುಮಾನಿಸಿ. ಫೋಕಸ್ ಸರಿ, ಚೌಕಟ್ಟು ಸರಿ, ನಟಿಯ ಮುಖ ಬೆಳಕಿಗೆ ತಿರುಗಿದೆ, ಅಷ್ಟು ಹೊತ್ತಿಗೆ ಫೋಟೋಗ್ರಾಫರ್ ಅಲ್ಲೇ ಎಫ್ ನಂಬರ್ ಹಾಕಿಕೊಂಡು ಕಾಯುತ್ತಿದ್ದ ಅಂದರೆ ಅವನಿಗೆ ಮೊದಲೇ ಹೇಳಿರುತ್ತಾರೆ. ಎದುರು ಉದಾಹರಣೆ: 'ಕ್ಲಿಯೋಪಾತ್ರ' ಚಿತ್ರೀಕರಣದ ಕಾಲದಲ್ಲಿ, 1962ರಲ್ಲಿ, ಇಸ್ಕಿಯಾ ದ್ವೀಪದ ಬಳಿ ದೋಣಿಯ ಮೇಲೆ ಎಲಿಜಬೆತ್ ಟೇಲರ್-ರಿಚರ್ಡ್ ಬರ್ಟನ್ ಮುತ್ತಿಡುವುದನ್ನು ಮಾರ್ಚೆಲ್ಲೊ ಜೆಪ್ಪೆತ್ತಿ ದೂರದಿಂದ ಹಿಡಿದದ್ದು. ಉದ್ದ ಲೆನ್ಸಿನ ಚಪ್ಪಟೆತನ, ಒರಟು ಕಾಳು. ಅಲ್ಲಿ ಯಾರೂ ಹೇಳಿಕೊಟ್ಟಿಲ್ಲ.

ದಿನನಿತ್ಯದ ಕೆಲಸ ಇಷ್ಟು ರಂಗಾಗಿರಲಿಲ್ಲ. ರೋಲುಗಳಿಂದ ಕಾಂಟ್ಯಾಕ್ಟ್ ಶೀಟು ಬರುತ್ತದೆ: 35 ಎಂಎಂ ಆದರೆ ಆರು ಪಟ್ಟಿಗೆ ಆರಾರು ಚಿತ್ರ, 6×6 ಆದರೆ ಹನ್ನೆರಡು. ಪ್ರಚಾರದವನು ಭೂತಗನ್ನಡಿ ಹಿಡಿದು ಕೆಂಪು ಮೇಣದ ಪೆನ್ಸಿಲಿನಲ್ಲಿ ಆರಿಸುತ್ತಾನೆ. ನಟಿ ಬೇಡ ಅಂದದ್ದಕ್ಕೆ ಅಡ್ಡಗೆರೆ. ಹಾಗಾಗಿ ಕಾಂಟ್ಯಾಕ್ಟ್ ಶೀಟ್ ಸಿಕ್ಕರೆ ಆರಿಸಿದ್ದಕ್ಕಿಂತ ಅಡ್ಡಗೆರೆ ಬಿದ್ದದ್ದನ್ನು ಮೊದಲು ನೋಡಿ, ಸೆಟ್ಟಿನ ನಿಜ ಅಲ್ಲಿರುತ್ತದೆ. ಆರಿಸಿದ್ದರಲ್ಲಿ ದಿನಪತ್ರಿಕೆಗೆ ಕಪ್ಪುಬಿಳುಪು, ಒಂದು ವಾರಪತ್ರಿಕೆಗೆ ಮಾತ್ರ ಕಲರ್. ಎರಡು ಕಡೆ ಒಂದೇ ಕಲರ್ ಕಳಿಸಿದರೆ ಇಬ್ಬರೂ ಮುಖಪುಟ ಕೊಡುವುದಿಲ್ಲ.

ಇನ್ನೊಂದು ಗಿರಾಕಿ ಸಿನೆರೊಮಾಂಜೊ: ಇಡೀ ಚಿತ್ರದ ಕಥೆಯನ್ನು ಸ್ಟಿಲ್ ಮತ್ತು ಅಡಿಬರಹಗಳಲ್ಲಿ ಹೇಳುವ ಅಗ್ಗದ ಪತ್ರಿಕೆ. ಅಂಥದರಿಂದ ಕತ್ತರಿಸಿದ ಚಿತ್ರವಾದರೆ ಅಡಿಯಲ್ಲಿ ಅರ್ಧ ಅಳಿದ ಅಕ್ಷರ ಸಿಗುತ್ತದೆ.

ಕಾಂಟ್ಯಾಕ್ಟ್‌ಶೀಟ್
ಫೋತೊಬುಸ್ತಾ ಕೊಳ್ಳುವವರಿಗೂ ಎಚ್ಚರಿಕೆ. ಥಿಯೇಟರಿನ ಮುಂದೆ ಅಂಟಿಸುತ್ತಿದ್ದ ಅಚ್ಚಿನ ಹಾಳೆ ಅದು, ಸಾಮಾನ್ಯವಾಗಿ 50×70 ಸೆಂಮೀ ಆಸುಪಾಸು, ಹಳೆಯವು ಇನ್ನೂ ಚಿಕ್ಕವು. ಫೋಟೋ ಅಲ್ಲ, ಫೋಟೋದಿಂದ ಮಾಡಿದ ಮುದ್ರಣ. ಕಪ್ಪುಬಿಳುಪು ಸ್ಟಿಲ್‌ಗೆ ಬಣ್ಣ ಹಚ್ಚುತ್ತಿದ್ದರು, ಎರಡು ಸ್ಟಿಲ್‌ನ ಜನರನ್ನು ಕತ್ತರಿಸಿ ಒಂದೇ ಸೀನಿನಲ್ಲಿ ನಿಲ್ಲಿಸುತ್ತಿದ್ದರು. ಲೂಪ್ (ಪುಟ್ಟ ಭೂತಗನ್ನಡಿ) ಇಟ್ಟರೆ ಮುದ್ರಣದ ಚುಕ್ಕಿ ಕಾಣುತ್ತದೆ. ಕೆಳ ಅಂಚಿನಲ್ಲಿ "ರಿಯೆದಿತ್ಸಿಯೊನೆ" ಅಂತಿದ್ದರೆ ಮರುಬಿಡುಗಡೆಯದು, ಬೆಲೆ ಕಡಿಮೆ.

ನೆಗೆಟಿವ್ ಇದ್ದವರು ಮೂಸಿ ನೋಡಿ. ವಿನೆಗರ್ ವಾಸನೆ ಬಂದರೆ ಅಸಿಟೇಟ್ ಕೊಳೆಯುತ್ತಿದೆ. ಉಳಿದವುಗಳಿಂದ ಕೂಡಲೇ ಬೇರೆ ಮಾಡಿ, ಪ್ಲಾಸ್ಟಿಕ್ ತೆಗೆದು ಆಮ್ಲರಹಿತ ಕಾಗದದ ಲಕೋಟೆಗೆ ಹಾಕಿ, ತಣ್ಣಗೆ, ತೇವಾಂಶ ಶೇ. 30-40ರಲ್ಲಿ ಇಡಿ. ಕೊಳೆತ ನಿಲ್ಲುವುದಿಲ್ಲ, ನಿಧಾನವಾಗುತ್ತದೆ ಅಷ್ಟೆ. ಆದ್ದರಿಂದ ಮೊದಲು ಸ್ಕ್ಯಾನ್.

ಹೋಲಿಸಿ ನೋಡಲು ರೋಮಿನ ಚೆಂತ್ರೊ ಸ್ಪೆರಿಮೆಂತಾಲೆಯ ಚಿನೆತೆಕಾ ನಾತ್ಸಿಯೊನಾಲೆ, ಬೊಲೊನ್ಯಾದ ಚಿನೆತೆಕಾ, ತೊರಿನೊದ ಸಿನಿಮಾ ವಸ್ತುಸಂಗ್ರಹಾಲಯಗಳ ಫೋಟೋ ಸಂಗ್ರಹ ದೊಡ್ಡವು. ಚೆಜೆನಾದ ಚೆಂತ್ರೊ ಚಿನೆಮಾದಲ್ಲಿ ಸ್ಟಿಲ್ ಫೋಟೋಗ್ರಾಫರುಗಳದೇ ಸಂಗ್ರಹವಿದೆ, ಅವರಿಗಾಗಿಯೇ ನಡೆಸುವ ಚ್ಲಿಚಾಕ್ ಸ್ಪರ್ಧೆಯೂ ಅಲ್ಲಿಯದೇ.

ಹಳೇಪ್ರಿಂಟು
ಈಗ ನನ್ನ ಪ್ರಿಂಟ್. 18×24 ಸೆಂಮೀ, ಹೊಳಪಿನ ಫೈಬರ್ ಕಾಗದ. ರಾತ್ರಿ, ಕೆಫೆಯ ಮೇಜುಗಳು, ಅಂಗಡಿ ಸಾಲು, ರಸ್ತೆ ಆಚೆ ತಿರುಗುತ್ತದೆ. ಪ್ರಸಿದ್ಧರು ಯಾರೂ ಇಲ್ಲ. ಹಿಂದೆ ಪಿಯೆರ್‌ಲುಯಿಜಿ ಮುದ್ರೆ, ಪೆನ್ಸಿಲಿನಲ್ಲಿ "ವಿಯಾ ವೆನೆತೊ, 1958". ಬೀದಿಯದಾ?

ವಿಯಾವೆನೆತೊ
ಪೆನ್ಸಿಲನ್ನು ನಂಬಬೇಡಿ, ಇಳಿಜಾರನ್ನು ನಂಬಿ. ನಿಜವಾದ ವಿಯಾ ವೆನೆತೊ ಏರುರಸ್ತೆ. ಫೆಲಿನಿಯ 'ಲಾ ದೋಲ್ಚೆ ವೀತಾ'ಗಾಗಿ ಪಿಯೆರೊ ಗೆರಾರ್ದಿ ಚಿನೆಚಿತ್ತಾ ಸ್ಟುಡಿಯೋದ 5ನೇ ಸ್ಟೇಜಿನಲ್ಲಿ ಕಟ್ಟಿದ್ದು ಸಪಾಟು. ಪ್ರಿಂಟಿನ ಸ್ಕ್ಯಾನ್ ಮೇಲೆ ಒಂದೇ ಬದಿಯ ಕಿಟಕಿಗಳ ಕೆಳಅಂಚಿಗೆ ಒಂದು ಗೆರೆ, ಮೇಲಂಚಿಗೆ ಒಂದು ಗೆರೆ, ಅದೇ ಗೋಡೆಯ ಬುಡದ ಫುಟ್‌ಪಾತ್ ಅಂಚಿಗೆ ಒಂದು ಗೆರೆ ಎಳೆಯಿರಿ, ತಿರುವಿಗೆ ಮುಂಚಿನ ನೇರ ಭಾಗದಲ್ಲಿ ಮಾತ್ರ. ನೆಲ ಸಪಾಟಾಗಿದ್ದರೆ ಬಾಗಿಲಿನ ಮೇಲಂಚು, ಫುಟ್‌ಪಾತ್ ಎಲ್ಲ ಆ ಎರಡು ಕಿಟಕಿಗೆರೆ ಕೂಡುವ ಬಿಂದುವಿನಲ್ಲೇ ಸೇರುತ್ತವೆ. ಏರಿದ್ದರೆ ಫುಟ್‌ಪಾತಿನ ಬಿಂದು ಅದಕ್ಕಿಂತ ಮೇಲೆ ಹೋಗುತ್ತದೆ, ಇಳಿಜಾರಿದ್ದರೆ ಕೆಳಗೆ.

ಹಳೇಪ್ರಿಂಟು
ಎಳೆದೆ. ಕಿಟಕಿ, ಬಾಗಿಲು, ಫುಟ್‌ಪಾತ್, ಮೂರೂ ಒಂದೇ ಬಿಂದು. ಅಂದಹಾಗೆ ಬಲಮೂಲೆಯಲ್ಲಿ, ಮೇಜಿನ ಕೆಳಗೆ, ದಪ್ಪ ಕೇಬಲ್ ಸುರುಳಿ ಇದೆ. ಇಷ್ಟು ದಿನ ಅದನ್ನು ನಾಯಿ ಅಂದುಕೊಂಡಿದ್ದೆ.

ತುಸ್ಕೊಲಾನಾ
5ನೇ ಸ್ಟೇಜ್, 1959. ಪೆನ್ಸಿಲ್ ಬರಹ ಅಳಿಸಬೇಡಿ, ಪಕ್ಕದಲ್ಲಿ ಬೇರೆ ಚೀಟಿ ಇಡಿ.